ಜೇಬಿನಲ್ಲಿ ಒಂದು ಊರು

ಮೊನ್ನೆ ಗುರುವಾರ ಬೆಳಿಗ್ಗೆ ನಮ್ಮ ಮನೆಯ ಹಳೆಯ ಕಂಪ್ಯೂಟರಿನ ಮೇಲಿನ ಬಟ್ಟೆ ತೆಗೆದು ಸ್ವಿಚ್ ಹಾಕಿದೆ. ಎಷ್ಟೋ ವರ್ಷಗಳ ಮೇಲೆ ಎಬ್ಬಿಸಿದ ಸಿಟ್ಟಿಗೋ ಏನೋ ಅದು ಮೊದಲು ಗೊರಗೊರ ಎಂದಿತು, ಆಮೇಲೆ ಒಂದು ವಾಸನೆ ಬಿಟ್ಟಿತು. ಬಿಸಿಯಾದ ಪ್ಲಾಸ್ಟಿಕ್ಕಿನ ಮೇಲೆ ಧೂಳು ಹುರಿದಾಗ ಬರುತ್ತದಲ್ಲ, ಆ ವಾಸನೆ.

"ರೀ, ಏನೋ ಸುಡಾಕತ್ತೇತಿ ನೋಡ್ರಿ!" ಎಂದು ಹೆಂಡತಿ ಅಡುಗೆಮನೆಯಿಂದ ಕೂಗಿದಳು.

"ಏನಿಲ್ಲ, ಧೂಳ ಐತಿ" ಎಂದೆ. ಅಂದೆನೇ ಹೊರತು, ಹೋಗಿ ಮೇನ್ ಸ್ವಿಚ್ಚಿನ ಮೇಲೆ ಕೈ ಇಟ್ಟುಕೊಂಡು ಎರಡು ನಿಮಿಷ ನಿಂತೆ. ನಾನು ಅಂಥವನು. ಬೆಳಗಾವಿಯ ಮಹಾಂತೇಶ ನಗರದ ನಮ್ಮ ಮನೆಯಿಂದ ಬಸ್ ಸ್ಟಾಪಿಗೆ ಆರು ನಿಮಿಷದ ದಾರಿ. ನನಗೆ ಹದಿನೆಂಟು ನಿಮಿಷ ಬೇಕು. ಗ್ಯಾಸ್ ಬಂದ್ ಮಾಡಿದೆನೇ ಎಂದು ನೋಡಲು ಒಮ್ಮೆ ತಿರುಗಿ ಬರುತ್ತೇನೆ, ಹಾಗೆ ನೋಡಲು ಬಂದಾಗ ಬಾಗಿಲು ಸರಿಯಾಗಿ ಹಾಕಿದೆನೇ ಎಂದು ನೋಡಲು ಇನ್ನೊಮ್ಮೆ. ಕೆಲಸ ಮಾಡುವುದು ಒಂದು ಕಾಲೇಜಿನ ಪರೀಕ್ಷಾ ವಿಭಾಗದಲ್ಲಿ. ಅಲ್ಲಿ ಪ್ರತಿ ಕಾಗದಕ್ಕೂ ಮೂರು ಝೆರಾಕ್ಸ್ ತೆಗೆಸುವ ನನ್ನ ಚಟಕ್ಕೆ ಸಹೋದ್ಯೋಗಿಗಳು ನಗುತ್ತಾರೆ; ಕಾಗದ ಕಳೆದಾಗ ಮಾತ್ರ ನನ್ನ ಟೇಬಲ್ಲಿಗೇ ಬರುತ್ತಾರೆ.

ಆ ಕಂಪ್ಯೂಟರನ್ನು ಯಾಕೆ ಎಬ್ಬಿಸಿದೆ ಎನ್ನುವುದನ್ನು ಸ್ವಲ್ಪ ತಡೆದು ಹೇಳುತ್ತೇನೆ. ಮೊದಲು ಆ ವಾಸನೆ. ಅದು ಮೂಗಿಗೆ ಬಿದ್ದದ್ದೇ ನಾನು ಆರು ವರ್ಷ ಹಿಂದೆ ಸರಿದು, ಖಾನಾಪುರದ ಕಮಲಾಕಾಕುವಿನ ಪಡಸಾಲೆಯಲ್ಲಿ, ಟೀವಿಯ ಮುಂದೆ ಕೂತಿದ್ದೆ.

ಕಮಲಾಕಾಕು ಎಂದರೆ ನಮ್ಮ ತಂದೆಯ ತಮ್ಮನ ಹೆಂಡತಿ. ಮೂವತ್ತು ವರ್ಷ ಖಾನಾಪುರದ ಒಂದು ಸರಕಾರಿ ಕಚೇರಿಯಲ್ಲಿ ಫೈಲುಗಳ ನಡುವೆ ಬದುಕಿದವಳು. ನಿವೃತ್ತಿಯಾದ ಮೊದಲ ವಾರದಲ್ಲೇ ಅಡುಗೆಮನೆಯ ಡಬ್ಬಿಗಳಿಗೆ ನಂಬರು ಬಿತ್ತು. ಎರಡನೆಯ ವಾರ ಕಾಕಾನ ಚಪ್ಪಲಿಗಳಿಗೂ ಬಿತ್ತು. ಪೇಟೆಯಲ್ಲಿ ಬೀಜದ ಅಂಗಡಿ ಇಟ್ಟಿರುವ ಕಾಕಾ ನನಗೆ ಫೋನು ಮಾಡಿದ: "ತಮ್ಮಾ, ಈಕಿಗೆ ಏನಾರ ಒಂದು ಕೆಲಸ ಹಚ್ಚೋ. ಇಲ್ಲಾಂದ್ರ ನನಗs ಎಲ್ಲ್ಯಾರ ದೂರದ ಊರಿಗೆ ವರ್ಗಾ ಮಾಡಸು."

ನಮ್ಮ ಮನೆಯ ಅಟ್ಟದ ಮೇಲೆ ಮಗಳ ಆಟದ ಡಬ್ಬಿ ಬಿದ್ದಿತ್ತು. ಟೀವಿಗೆ ಜೋಡಿಸಿ, ಕೈಯಲ್ಲಿ ಗುಂಡಿಗಳಿರುವ ಹಿಡಿ ಹಿಡಿದು ಆಡುವಂಥದು. ಮಗಳು ಅದನ್ನು ಕನ್ಸೋಲ್ ಎನ್ನುತ್ತಾಳೆ, ನಾವು ಡಬ್ಬಿ ಎನ್ನುತ್ತೇವೆ. ಅವಳು ಓದಲು ಧಾರವಾಡಕ್ಕೆ ಹೋದ ಮೇಲೆ ಅದಕ್ಕೆ ಕೆಲಸವಿರಲಿಲ್ಲ. ಕೆಲಸವಿಲ್ಲದ ಇಬ್ಬರನ್ನೂ ಒಂದೆಡೆ ಸೇರಿಸಿದರಾಯಿತು ಎಂದು ಅದನ್ನು ಖಾನಾಪುರಕ್ಕೆ ಒಯ್ದೆ. ಕಾರು ಓಡಿಸುವ ಆಟ, ಗುಂಡು ಹಾರಿಸುವ ಆಟ ಎಲ್ಲ ಬಿಟ್ಟು, ಊರು ಕಟ್ಟುವ ಆಟವೊಂದನ್ನು ಮಗಳೇ ಆರಿಸಿ ಕೊಟ್ಟಿದ್ದಳು. ಬಯಲು ಜಾಗ ಇರುತ್ತದೆ. ರಸ್ತೆ, ಮನೆ, ನೀರು, ದೀಪ ಎಲ್ಲ ನಾವೇ ಮಾಡಬೇಕು. ಸರಿಯಾಗಿ ಮಾಡಿದರೆ ಜನ ಬಂದು ಸೇರುತ್ತಾರೆ, ಇಲ್ಲದಿದ್ದರೆ ಬಿಟ್ಟು ಹೋಗುತ್ತಾರೆ.

ಕಾಕು ಕನ್ನಡಕ ಏರಿಸಿ ತೆರೆಯನ್ನು ನೋಡಿ ಕೇಳಿದ ಮೊದಲ ಪ್ರಶ್ನೆ: "ಇದರಾಗ ಅರ್ಜಿ ಎಲ್ಲಿ ತಗೋತಾರ?"

ಒಂದು ತಿಂಗಳು ಬಿಟ್ಟು ಹೋಗಿ ನೋಡಿದೆ. ಊರಿಗೆ ಸುಖಾಪುರ ಎಂದು ಹೆಸರಿಟ್ಟಿದ್ದಳು. ಅಲ್ಲಿ ನಾಲ್ಕು ಕಚೇರಿ, ಒಂದು ಪೊಲೀಸ್ ಠಾಣೆ, ಅಳತೆ ಹಿಡಿದು ಎಳೆದಂಥ ರಸ್ತೆಗಳು ಇದ್ದವು. ಮನುಷ್ಯರು ಮಾತ್ರ ಇರಲಿಲ್ಲ. ಬಂದವರೆಲ್ಲ ಗಂಟು ಕಟ್ಟಿಕೊಂಡು ಹೋಗಿದ್ದರು. "ಸೌಲತ್ತು ಎಲ್ಲಾ ಕೊಟ್ಟೇನಿ, ಉಪಕಾರ ಇಲ್ಲ ಈ ಮಂದಿಗೆ" ಎಂದು ಕಾಕು ಸಿಟ್ಟಿನಲ್ಲಿದ್ದಳು. ಅಷ್ಟರಲ್ಲಿ ಬಾಜು ಮನೆಯ ಖುರ್ಶಿದಾ ಭಾಬಿ ತಮ್ಮ ಗಿಡದ ಪೇರಲ ಹಣ್ಣು ಕೊಡಲು ಬಂದವರು ಕುರ್ಚಿಯ ಹಿಂದೆ ನಿಂತು ನೋಡಿದರು. ಭಾಬಿ ಪೇಟೆಯಲ್ಲಿ ಬಳೆ ಅಂಗಡಿ ನಡೆಸುತ್ತಿದ್ದವರು. ಸಣ್ಣವರು ದೊಡ್ಡವರು ಎನ್ನದೆ ಇಡೀ ಓಣಿಗೇ ಅವರು ಭಾಬಿ.

"ಕಮಲಾ, ನಾಕು ಕಚೇರಿ ಕಟ್ಟೀದಿ, ಒಂದು ದುಕಾನ್ ಇಲ್ಲ. ಮಂದಿ ಏನು ಅರ್ಜಿ ತಿಂದು ಬದುಕಬೇಕೇನ?"

ಕಾಕು ತಿರುಗಿ ನೋಡಿದಳು. ಎರಡನೆಯ ಹಿಡಿ ಭಾಬಿಯ ಕೈಗೆ ಬಂತು. ಸುಖಾಪುರಕ್ಕೆ ಸಂತೆ ಬಂತು, ಸಂತೆಯ ಹಿಂದೆ ಜನ ಬಂದರು.

ಅಲ್ಲಿಂದ ಮೂರು ವರ್ಷ ಆ ಪಡಸಾಲೆಯಲ್ಲಿ ಒಂದು ನಗರಸಭೆ ನಡೆಯಿತು ಎನ್ನಬೇಕು. ಮಧ್ಯಾಹ್ನದ ಊಟ ಮುಗಿಸಿ ಭಾಬಿ ಬರುವರು. ಇಳಿಹೊತ್ತಿನ ಅಸರ್ ನಮಾಜಿಗೆ ಏಳುವರು. ಕಾಕುವಿಗೂ ಅದು ಸರಿಯಾಗುತ್ತಿತ್ತು. ನಮ್ಮದು ಜೈನರ ಮನೆ, ಸೂರ್ಯ ಇಳಿಯುವ ಮೊದಲು ರಾತ್ರಿಯ ಊಟ ಮುಗಿಯಬೇಕು, ರೊಟ್ಟಿ ಬಡಿಯಲು ಏಳಲೇಬೇಕು. ಈ ನಡುವಿನ ಎರಡೂವರೆ ತಾಸಿನಲ್ಲಿ ಕಾಕು ರಸ್ತೆ ಎಳೆದರೆ ಭಾಬಿ ಅದರ ಮೇಲೆ ಅಂಗಡಿ ಹಾಕುವರು. ಅಂಗಡಿಗೆ ಪರವಾನಿಗಿ ಎಲ್ಲಿ ಎಂದು ಕಾಕು ಕೇಳುವಳು. ಕೊನೆಗೆ ಒಂದು ನೂರು ಪುಟದ ನೋಟುಬುಕ್ಕು ಬಂತು: ಭಾಬಿ ಒಂದು ಸೇತುವೆ ಕಟ್ಟಬೇಕಾದರೂ ಅದರಲ್ಲಿ ಬರೆದು ಸಹಿ ಮಾಡಬೇಕು, ಕಾಕು "ಮಂಜೂರು" ಎಂದು ಬರೆಯಬೇಕು. ಒಮ್ಮೆ ಆಸ್ಪತ್ರೆಯ ವಿಷಯದಲ್ಲಿ ಜಗಳವಾಗಿ ನಾಲ್ಕು ದಿನ ಮಾತಿರಲಿಲ್ಲ. ಐದನೆಯ ದಿನ ಭಾಬಿ ಬಾಗಿಲಲ್ಲಿ ನಿಂತು, "ನಿನ್ನ ಸಲುವಾಗಿ ಬಂದಿಲ್ಲ, ಸುಖಾಪುರದಾಗ ನಳ ಬಂದ್ ಆಗ್ಯಾವೋ ಏನೋ ಅಂತ ಬಂದೇನಿ" ಎಂದರಂತೆ.

ಹೀಗಿರುವಾಗ ಒಂದು ದಿನ ಕಾಕುವಿನ ಫೋನು ಬಂತು. "ತಮ್ಮಾ, ಊರಾಗ ಭಾಳ ಸಲ ಕತ್ತಲಿ ಆಗಾಕತ್ತೇತಿ."

"ಕಾಕು, ಖಾನಾಪುರದಾಗ ಕರೆಂಟ್ ಹೋಗೂದು ಹೊಸಾದೇನು?"

"ಖಾನಾಪುರದ ಮಾತು ಯಾರು ಆಡಿದ್ರು? ಸುಖಾಪುರ!"

ಡಬ್ಬಿ ಬಿಸಿಯಾಗಿ, ಆ ಹುರಿದ ಧೂಳಿನ ವಾಸನೆ ಬಿಟ್ಟು, ನಡುವೆಯೇ ಆರಿ ಹೋಗುತ್ತಿತ್ತು. ಒಳಗಿನ ಡಿಸ್ಕು ಟಕಟಕ ಎನ್ನುತ್ತಿತ್ತು. ಬೆಳಗಾವಿಯ ರಿಪೇರಿಯವನಿಗೆ ಫೋನಿನಲ್ಲೇ ಆ ಸದ್ದು ಕೇಳಿಸಿದೆ. "ಅದು ಇವತ್ತೋ ನಾಳೆಯೋ ಅನ್ನೂವಂಗ ಐತ್ರಿ. ಒಳಗಿಂದೆಲ್ಲಾ ಲಗೂನ ಹೊರಗ ತಗೀರಿ" ಎಂದ. ಅದೇ ತಿಂಗಳಲ್ಲಿ ಭಾಬಿಯ ಮನೆಯಲ್ಲೂ ಒಂದು ನಿರ್ಧಾರವಾಗಿತ್ತು. ಅವರ ಅಳಿಯ ರೈಲ್ವೆಯವನು, ಲೋಂಡಾದಲ್ಲಿ ಮನೆ. ಮಗಳು ಹಟ ಹಿಡಿದು, ಅಂಗಡಿ ಬಿಟ್ಟು ಬಾ ಎಂದು ತಾಯಿಯನ್ನು ಕರೆಸಿಕೊಳ್ಳುತ್ತಿದ್ದಳು. ದಸರಾ ಮುಗಿದ ಮೇಲೆ ಭಾಬಿ ಹೊರಡುವವರಿದ್ದರು. ಈ ಎರಡನೆಯ ಸುದ್ದಿಗೆ ನಾನು ಲಕ್ಷ್ಯ ಕೊಡಲಿಲ್ಲ. ಚಿಂತೆ ಮಾಡುವವರ ದೋಷವೇ ಅದು. ಚಿಂತೆಯೆಲ್ಲ ತಪ್ಪು ಜಾಗದಲ್ಲಿ ಖರ್ಚಾಗಿ ಬಿಡುತ್ತದೆ.

ಬೆಳಗಾವಿಯಲ್ಲಿ ಹುಡುಕಿ ಅದೇ ಮಾದರಿಯ, ಯಾರೋ ಬಳಸಿ ಬಿಟ್ಟ ಡಬ್ಬಿಯೊಂದನ್ನು ತಂದೆ. ಮಗಳು ಫೋನಿನಲ್ಲಿ ಪಾಠ ಹೇಳಿದಳು: "ಅಪ್ಪಾ, ಹಳೇ ಡಬ್ಬಿಗೆ ಪೆನ್‌ಡ್ರೈವ್ ಹಾಕು. ಆಡವ್ರ ಹೆಸರು, ಆಡಿ ಇಟ್ಟ ಆಟ, ಎರಡೂ ಅದರಾಗ ಕಾಪಿ ಮಾಡು. ಹೊಸಾದಕ್ಕ ಹಾಕು. ಐದು ನಿಮಿಷದ ಕೆಲಸ." ನನ್ನ ಬಾಳಿನಲ್ಲಿ ಐದು ನಿಮಿಷದ ಕೆಲಸ ಎಂಬುದು ಇಲ್ಲಿಯವರೆಗೆ ಬಂದಿಲ್ಲ. ಒಂದಕ್ಕೆ ಮೂರು ಪೆನ್‌ಡ್ರೈವ್ ಕೊಂಡೆ. ಖಂಡೇನವಮಿಯ, ಅಂದರೆ ಆಯುಧಪೂಜೆಯ, ಹಿಂದಿನ ದಿನ ಖಾನಾಪುರದ ಬಸ್ಸು ಹತ್ತಿದೆ. ಹೊಸ ಡಬ್ಬಿಯನ್ನು ಮನೆಯಲ್ಲೇ ಬಿಟ್ಟೆ. ಆ ರಸ್ತೆಯ ತಗ್ಗುಗಳಲ್ಲಿ ಅದು ಕುಲುಕಿ, ಒಳಗೆ ಏನಾದರೂ ಸಡಿಲಾಗಿ, ಇದೂ ಕೆಟ್ಟರೆ ಗತಿಯೇನು? ಆಟವನ್ನು ಪೆನ್‌ಡ್ರೈವಿಗೆ ನಕಲು ಮಾಡಿಕೊಂಡು ಬಂದು, ಮನೆಯಲ್ಲಿ ಸಾವಕಾಶ ಹಾಕಿ, ಪರೀಕ್ಷೆ ಮಾಡಿ, ಆಮೇಲೆ ಒಂದು ದಿನ ಯಾರದಾದರೂ ಕಾರಿನಲ್ಲಿ ಒಯ್ದರಾಯಿತು ಎಂಬ ಲೆಕ್ಕ.

ಪಡಸಾಲೆಯಲ್ಲಿ ನನ್ನ ಎಡಕ್ಕೆ ಕಾಕು, ಬಲಕ್ಕೆ ಭಾಬಿ. ಪೆನ್‌ಡ್ರೈವ್ ಹಾಕಿದೆ. ಇದರಲ್ಲಿರುವುದೆಲ್ಲ ಅಳಿಸಿ ಹೋಗುತ್ತದೆ, ಸರಿಯೇ ಎಂದು ಡಬ್ಬಿ ಕೇಳಿತು. ಆಗಷ್ಟೇ ಪೊಟ್ಟಣ ಒಡೆದು ತೆಗೆದ ಪೆನ್‌ಡ್ರೈವು. ಅದರಲ್ಲಿ ಏನೂ ಇರಲು ಸಾಧ್ಯವಿಲ್ಲ. ಆದರೂ ಅರ್ಧ ನಿಮಿಷ ಯೋಚನೆ ಮಾಡಿದೆ. ಹೆಸರು ಸುಸೂತ್ರ ದಾಟಿತು. ಊರಿನ ಸರದಿ ಬಂದಾಗ ತೆರೆಯ ಮೇಲೆ ಒಂದು ಸೂಚನೆ ಮೂಡಿತು. ಒಮ್ಮೆ ಓದಿದೆ, ಕನ್ನಡಕ ಒರೆಸಿ ಇನ್ನೊಮ್ಮೆ ಓದಿದೆ.

"ಏನಂತೈತಿ?" ಎಂದಳು ಕಾಕು.

"ಈ ಆಟಕ್ಕ ಕಾಪಿ ಮಾಡಾಕ ಬರೂದಿಲ್ಲಂತ. ಇಲ್ಲಿಂದ ಕಿತ್ತು ಅಲ್ಲಿ ಇಡಬಹುದು, ಅಷ್ಟ. ಇಲ್ಲಿ ಉಳಿಯಂಗಿಲ್ಲ."

"ಅಂದ್ರ ಅಸಲು ಪ್ರತಿ ಒಂದs, ನಕಲು ಸಿಗಂಗಿಲ್ಲ. ಸರಿ ಐತಿ ಬಿಡು, ನಮ್ಮ ಕಚೇರಿಯಾಗೂ ಹಂಗs ಇತ್ತು."

ಭಾಬಿ ಮೆಲ್ಲಗೆ ಕೇಳಿದರು: "ಬೇಟಾ, ಆ ಹೊಸಾ ಡಬ್ಬಿನ್ನs ಇಲ್ಲಿ ತಂದಿದ್ರ? ಇದರಾಗಿಂದ ತಗದು ಅದರಾಗ ಇಟ್ಟಿದ್ರ ಆಗಿ ಹೋಗ್ತಿತ್ತಲ್ಲಾ?"

ಡಬ್ಬಿಗೆ ಪೆಟ್ಟು ಬಿದ್ದೀತೆಂದು ಡಬ್ಬಿ ಬಿಟ್ಟು ಬಂದ ನಾನು, ಈಗ ಇಡೀ ಊರನ್ನೇ ಅದೇ ತಗ್ಗುಗಳ ಮೇಲೆ ಒಯ್ಯಬೇಕಾಗಿತ್ತು.

"ಇರ್ಲಿ, ಹಬ್ಬ ಮುಗಿಸಿ ಡಬ್ಬಿ ತಗೊಂಡು ಬಾ" ಎಂದಳು ಕಾಕು. ಅವಳು ಅದನ್ನು ಹೇಳಿ ಮುಗಿಸುವಷ್ಟರಲ್ಲಿ ಡಬ್ಬಿ ಟಕ್ ಎಂದು ಆರಿತು. ಮತ್ತೆ ಹೊತ್ತಿಸಲು ಮೂರು ಸಲ ಒತ್ತಬೇಕಾಯಿತು. ಮೂವರೂ ಮುಖ ನೋಡಿಕೊಂಡೆವು. ಹಬ್ಬದವರೆಗೆ ಅದು ಬದುಕುವ ಭರವಸೆ ಯಾರಿಗೂ ಉಳಿಯಲಿಲ್ಲ.

"ಕೀಳು" ಎಂದಳು ಕಾಕು.

ಒತ್ತಿದೆ. ತೆರೆಯ ಮೇಲೆ ಒಂದು ಉದ್ದನೆಯ ಪಟ್ಟಿ ಎಡದಿಂದ ಬಲಕ್ಕೆ ತುಂಬತೊಡಗಿತು. ಕಾಲು ಭಾಗಕ್ಕೆ ಬಂದಾಗ ವಾಸನೆ ಎದ್ದಿತು. ಕಾಕು ಪೇಪರು ಮಡಚಿ ಡಬ್ಬಿಗೆ ಗಾಳಿ ಹಾಕಿದಳು. ಭಾಬಿ ಸೆರಗಿನಿಂದ ಬೀಸುತ್ತ ತುಟಿಯಲ್ಲೇ ಏನೋ ಪಠಿಸಿದರು. ಊಟಕ್ಕೆ ಬಂದ ಕಾಕಾ ಬಾಗಿಲಲ್ಲಿ ನಿಂತು, "ಯಾರಿಗೆ ಏನಾಗೇತಿ?" ಎಂದು ಗಾಬರಿಯಾಗಿ ಫ್ಯಾನಿನ ಗುಂಡಿಗೆ ಕೈ ಹಾಕಿದ. "ಫ್ಯಾನ್ ಹಚ್ಚಬ್ಯಾಡ್ರಿ, ಕರೆಂಟ್ ಜಗ್ಗತೈತಿ!" ಎಂದು ಇಬ್ಬರೂ ಅವನ ಮೇಲೆ ಹಾರಿದರು. ಪಟ್ಟಿ ತುಂಬಿತು. ಆಮೇಲೆ ಹಳೆಯ ಡಬ್ಬಿಯಲ್ಲಿ ಆಡಿ ಇಟ್ಟ ಆಟಗಳ ಯಾದಿ ತೆರೆದು ನೋಡಿದರೆ, ಸುಖಾಪುರ ಇದ್ದ ಜಾಗ ಖಾಲಿ. ಕಾಕು ಆ ಖಾಲಿ ಜಾಗವನ್ನು ನೋಡಿದ ರೀತಿ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ. ಮರುಕ್ಷಣ ನೋಟುಬುಕ್ಕು ತಂದು ಬರೆದಳು: "ಊರು ಒಂದು, ಸುಸ್ಥಿತಿಯಲ್ಲಿ ಮುಟ್ಟಿದೆ." ಕೆಳಗೆ ನನ್ನ ಸಹಿ ಹಾಕಿಸಿಕೊಂಡಳು. ಭಾಬಿ ಸಾಕ್ಷಿ.

ಬಸ್ಸಿನಲ್ಲಿ ಹಬ್ಬದ ಗದ್ದಲ. ಅಂಗಿಯ ಜೇಬಿನಲ್ಲಿ ಊರು, ಜೇಬಿನ ಮೇಲೆ ನನ್ನ ಕೈ. ಬಾಜು ಕೂತಿದ್ದವರು ಎರಡು ಸಲ ನೋಡಿ, "ಎದಿ ನೋವೇನ್ರಿ? ನೀರು ಕುಡೀತೀರಿ?" ಎಂದರು. ಚೆಂಡುಹೂವಿನ ಚೀಲ ಹೊತ್ತ ಒಬ್ಬಾಕೆ ಆ ಚೀಲವನ್ನು ನನ್ನ ಎದೆಗೇ ಆನಿಸಿದಾಗ, "ಬಾಯಾರ, ಸ್ವಲ್ಪ ಸರೀರಿ, ಇಲ್ಲೆ ಮಂದಿ ಅದಾರ" ಎಂದುಬಿಟ್ಟೆ. ಬಸ್ಸಿನ ತುಂಬ ಮಂದಿಯೇ ಇದ್ದುದರಿಂದ ಯಾರಿಗೂ ಸಂಶಯ ಬರಲಿಲ್ಲ. ಬಸ್ಸು ತಗ್ಗಿಗೆ ಬಿದ್ದಾಗಲೆಲ್ಲ ಸುಖಾಪುರದ ಆಸ್ಪತ್ರೆ, ನೀರಿನ ಟಾಕಿ, ಭಾಬಿಯ ಸೇತುವೆ ಒಂದೊಂದೇ ಕಣ್ಣೆದುರು ಕುಸಿಯುತ್ತಿದ್ದವು.

ಮನೆ ತಲುಪಿದಾಗ ಮೈಯಲ್ಲಿ ಶಕ್ತಿ ಉಳಿದಿರಲಿಲ್ಲ. ದಣಿದ ಕೈಯಲ್ಲಿ ಇಂಥ ಕೆಲಸ ಬೇಡ, ನಾಳೆ ಮಾಡಿದರಾಯಿತು ಎಂದು ಪೆನ್‌ಡ್ರೈವನ್ನು ಕಪಾಟಿನಲ್ಲಿಟ್ಟು ಬೀಗ ಹಾಕಿ, ಬೀಗದ ಕೈಯನ್ನು ಹೆಂಡತಿಗೆ ಕೊಟ್ಟೆ. ನನ್ನ ಮೇಲೆ ನನಗೆ ನಂಬಿಕೆ ಸಾಲಲಿಲ್ಲ. ಬೆಳಿಗ್ಗೆ ಸ್ನಾನ ಮಾಡಿ ಬಂದು ನೋಡುತ್ತೇನೆ: ಖಂಡೇಪೂಜೆಯ ಮಣೆಯ ಮೇಲೆ ಈಳಿಗೆ, ಕತ್ತರಿ, ಮಿಕ್ಸರು, ಸ್ಕೂಟರಿನ ಕೀಲಿ, ನನ್ನ ಸ್ಟೇಪ್ಲರು, ಇವುಗಳ ನಡುವೆ ಅರಿಷಿಣ ಕುಂಕುಮ ಹಚ್ಚಿಸಿಕೊಂಡು, ನೆತ್ತಿಯ ಮೇಲೊಂದು ಹೂವಿನ ಎಸಳು ಇಟ್ಟುಕೊಂಡು ಸುಖಾಪುರ. ಅದರ ಮುಂದೆ ಸಕ್ಕರೆಯ ನೈವೇದ್ಯ.

"ಇದನ್ಯಾಕ ಇಟ್ಟಿ?" ಎಂದೆ.

"ಕೀಲಿ ಹಾಕಿ ಇಟ್ಟಿದ್ರಿ. ಏನೋ ದೊಡ್ಡ ಯಂತ್ರ ಇರಬೇಕಂತ ಅದಕ್ಕೂ ಪೂಜಿ ಮಾಡಿದೆ. ತಪ್ಪಾತೇನ್ರಿ?"

"ತಗೀತೀನಿ."

"ಮುಟ್ಟಬ್ಯಾಡ್ರಿ! ಪೂಜಿಗಿಟ್ಟದ್ದು ನಾಳಿ ತನಕಾ ಎತ್ತಂಗಿಲ್ಲ."

ಇಡೀ ದಿನ ಮಣೆಯ ಮುಂದೆ ಕೂತೆ. ನನ್ನ ಭಕ್ತಿ ನೋಡಿ ಹೆಂಡತಿಗೆ ಸಂತೋಷವಾಯಿತು. ಮಧ್ಯಾಹ್ನದ ಹೊತ್ತಿಗೆ ಗೋಡೆಯ ಸಂದಿಯಿಂದ ಒಂದು ಇರುವೆ ಹೊರಟಿತು. ಅದರ ಹಿಂದೆ ಇನ್ನೊಂದು. ಸಕ್ಕರೆಯ ಹರಳು ಹೊತ್ತುಕೊಂಡು ಅವು ಮನೆಗೆ ಹೋಗಬಹುದಿತ್ತು. ಹೋಗದೆ ಪೆನ್‌ಡ್ರೈವಿನ ಬಾಯೊಳಗೆ ಹೊಕ್ಕವು. ಕಾಕುವಿನ ಊರಿಗೆ ಅಷ್ಟು ಶಿಸ್ತಾಗಿ ಸಾಲುಗಟ್ಟಿ ಜನ ಯಾವತ್ತೂ ಬಂದಿರಲಿಲ್ಲ. ನಾನು ಬಾಯಿಂದ ಊದಲು ಬಗ್ಗಿದೆ.

"ರೀ! ಇರುವಿ ಸತ್ತಾವು! ಜೀವ ಹೋದ್ರ ಪಾಪ ಯಾರಿಗೆ?"

ಅದೂ ನಿಜವೇ. ನಮ್ಮ ಮನೆಯಲ್ಲಿ ನೀರನ್ನೂ ಸೋಸಿ ಕುಡಿಯುತ್ತೇವೆ. ಈಗ ಚಿಂತೆ ಎರಡಾಯಿತು: ಇರುವೆಗಳಿಂದ ಊರಿಗೆ ಏನಾಗುತ್ತದೋ, ಊರಿನಿಂದ ಇರುವೆಗಳಿಗೆ ಏನಾಗುತ್ತದೋ. ಮರುದಿನ ಬೆಳಿಗ್ಗೆ ಅಪ್ಪಣೆ ಸಿಕ್ಕ ಕೂಡಲೇ ಪೆನ್‌ಡ್ರೈವನ್ನು ಬಿಳಿ ಕಾಗದದ ಮೇಲೆ ಇಟ್ಟು, ಅದರ ಬಾಯಿಗೆ ನಾಲ್ಕು ಬೆರಳು ದೂರದಲ್ಲಿ ಸಕ್ಕರೆ ಹಾಕಿ ಕಾದೆ. ಒಂದೊಂದೇ ಹೊರಬಂದವು. ಹತ್ತೊಂಬತ್ತು ಎಣಿಸಿದೆ. ಇಪ್ಪತ್ತನೆಯದು ಒಳಗಿದೆಯೋ ಇಲ್ಲವೋ ಎಂಬ ಅನುಮಾನದಲ್ಲಿ ಮತ್ತೆ ಒಂದು ತಾಸು ಕಾದೆ.

ಅಷ್ಟರಲ್ಲಿ ಹಬ್ಬಕ್ಕೆಂದು ಧಾರವಾಡದಿಂದ ಮಗಳು ಬಂದಳು. ಕಾಗದ, ಸಕ್ಕರೆ, ಭೂತಗನ್ನಡಿ ಹಿಡಿದು ಕೂತ ನನ್ನನ್ನು ನೋಡಿ ಬ್ಯಾಗು ಕೆಳಗಿಡದೆ ನಕ್ಕಳು. ಆಮೇಲೆ ಹಳೆಯ ಹಲ್ಲುಜ್ಜುವ ಬ್ರಷ್ಷಿನಿಂದ ಕುಂಕುಮವನ್ನು ಹಗುರಾಗಿ ಉಜ್ಜಿ ತೆಗೆದು, ಪೆನ್‌ಡ್ರೈವನ್ನು ಕಂಪ್ಯೂಟರಿಗೆ ಹಾಕಿದಳು. ಏನೂ ಕಾಣಲಿಲ್ಲ. ಮತ್ತೊಮ್ಮೆ ಉಜ್ಜಿ ಹಾಕಿದಾಗ ಕಂಡಿತು.

"ಅಪ್ಪಾ, ಡಬ್ಬಿ ಕಾಪಿ ಬ್ಯಾಡ ಅಂದ್ರ ಏನಾತು? ಅದು ಇಲ್ಲೆ ಮುಚ್ಚಿಟ್ಟ ಫೋಲ್ಡರಿನ್ಯಾಗ ಎಲ್ಲಾ ಇಟ್ಟಿರತೈತಿ. ಕಂಪ್ಯೂಟರಿಗೆ ಆ ಕಾಯ್ದೆ ಗೊತ್ತಿಲ್ಲ. ಇಡೀ ಫೋಲ್ಡರ್ ಎತ್ತಿ ಇಲ್ಲಿ ಇಡು, ಮುಗೀತು."

ಆ ಕ್ಷಣದ ಆನಂದ ನಿಮಗೆ ಹೇಗೆ ಹೇಳಲಿ? ಕಂಪ್ಯೂಟರಿನಲ್ಲಿ ಒಂದು, ಎರಡನೆಯ ಪೆನ್‌ಡ್ರೈವಿನಲ್ಲಿ ಒಂದು, ಮೂರನೆಯದರಲ್ಲಿ ಒಂದು. ನಾಲ್ಕು ಸುಖಾಪುರ! ಅಸಲನ್ನು ಹೊಸ ಡಬ್ಬಿಗೆ ಸೇರಿಸಿ ತೆರೆದೆವು. ಸೇತುವೆ, ಸಂತೆ, ನೀರಿನ ಟಾಕಿ ಎಲ್ಲ ಇದ್ದಲ್ಲಿಯೇ ಇದ್ದವು. ಆ ಉತ್ಸಾಹದಲ್ಲಿ ನನಗೊಂದು ಉದಾರ ವಿಚಾರ ಬಂತು. ಡಬ್ಬಿ ಮಾರಿದವನ ಹತ್ತಿರ ಅಂಥದೇ ಇನ್ನೊಂದು ಇತ್ತು. ಭಾಬಿ ಲೋಂಡಾಕ್ಕೆ ಹೊರಟಿದ್ದಾರಲ್ಲ, ಅವರಿಗೂ ಒಂದು ಡಬ್ಬಿ, ಒಂದು ಊರು! ಅದನ್ನೂ ಕೊಂಡು ತಂದು ಮನೆಯಲ್ಲಿಟ್ಟೆ.

ಸಂಜೆ, ಕಾಕುವಿನ ಡಬ್ಬಿಯನ್ನು ಎರಡು ದಿಂಬುಗಳ ನಡುವೆ ಕಟ್ಟಿ, ತೊಡೆಯ ಮೇಲೆ ಇಟ್ಟುಕೊಂಡು, ಅದೇ ಬಸ್ಸಿನಲ್ಲಿ ಅದೇ ತಗ್ಗುಗಳ ಮೇಲೆ ಖಾನಾಪುರಕ್ಕೆ ಹೋದೆ. ಬನ್ನಿ ಎಲೆ ಕೊಟ್ಟು, ಕಾಕುವಿನ ಕಾಲಿಗೆ ನಮಸ್ಕಾರ ಮಾಡಿ, ಡಬ್ಬಿ ಹಚ್ಚಿದೆ. ಊರು ಎದ್ದು ನಿಂತಿತು. ಕಾಕು ನೋಟುಬುಕ್ಕಿನಲ್ಲಿ ನನ್ನ ಸಹಿಯ ಪಕ್ಕ "ಜಮಾ" ಎಂದು ಬರೆದಳು. ಭಾಬಿ ತೆರೆಯ ಹತ್ತಿರ ಹೋಗಿ ತಮ್ಮ ಸೇತುವೆಯನ್ನು ಬೆರಳಿನಿಂದ ಮುಟ್ಟಿ ನೋಡಿದರು.

ಆಗ ನಾನು ಎರಡನೆಯ ಪೆನ್‌ಡ್ರೈವನ್ನು ಜೇಬಿನಿಂದ ತೆಗೆದು ಎತ್ತಿ ಹಿಡಿದೆ. "ಭಾಬಿ, ಇದು ನಿಮಗ. ಕಾಪಿ ಮಾಡೂ ಹಾದಿ ಸಿಕ್ಕೇತಿ. ನಿಮಗೂ ಒಂದು ಡಬ್ಬಿ ತಂದೇನಿ. ಇನ್ನ ನೀವು ಲೋಂಡಾದಾಗ ಆಡ್ರಿ, ಕಾಕು ಇಲ್ಲೆ ಆಡ್ತಾಳ. ಇಬ್ಬರಿಗೂ ಒಂದೊಂದು ಊರು!"

ಚಪ್ಪಾಳೆ ಬೀಳುತ್ತದೆ ಎಂದುಕೊಂಡಿದ್ದೆ. ಕಾಕು ನೋಟುಬುಕ್ಕು ಮುಚ್ಚಿಟ್ಟಳು. ಟೀವಿಯಲ್ಲಿ ಸುಖಾಪುರದ ರಸ್ತೆಗಳಲ್ಲಿ ಸಣ್ಣ ಸಣ್ಣ ಗಾಡಿಗಳು ಓಡಾಡುತ್ತಿದ್ದವು.

"ಬೇಟಾ," ಎಂದರು ಭಾಬಿ, "ಮಗಳಿಗೆ ಏನ್ ಹೇಳೇನಿ ಗೊತ್ತೈತೇನು? ಖಾನಾಪುರದಾಗ ನನ್ನ ಅರ್ಧಾ ಕೆಲಸ ಉಳದೈತಿ, ವಾರಕ್ಕೊಮ್ಮೆ ಹೋಗಾಕs ಬೇಕು ಅಂತ. ಅಳಿಯ ರೈಲಿನ ಹೊತ್ತು ಬರದು ಕೊಟ್ಟಾನ. ಇದನ್ನ ನೀ ಲೋಂಡಾಕ್ಕ ತಂದು ಇಟ್ಟರ, ಮೊಳಕಾಲು ನೋವು ಇಟಗೊಂಡು ಖಾನಾಪುರಕ್ಕ ಯಾಕ ಹೋಗ್ತಿ, ಇಲ್ಲೇ ಕುಂತು ಆಡು ಅಂತಾಳ. ನಾ ಏನ್ ಹೇಳಲಿ?"

ಕಾಕು ನನ್ನ ಕಡೆ ನೋಡಲೇ ಇಲ್ಲ. "ಅಳಸು" ಎಂದಳು.

"ಕಾಕು, ಹೋಗ್ಲಿ, ಜಾಗ್ರತಿಗೆ ಅಂತ ನನ್ನ ಹತ್ರ ಒಂದು..."

"ಎರಡು ಊರು ಆದ್ರ ಆಕಿ ಆಕಿದು ಕಟ್ಟತಾಳ, ನಾ ನಂದು ಕಟ್ಟತೀನಿ. ಜಗಳ ಯಾರ ಜೋಡಿ ಮಾಡ್ಲಿ, ನಿಮ್ಮ ಕಾಕಾನ ಜೋಡಿ? ಎಲ್ಲಾ ಅಳಸು. ಮನ್ಯಾಗಿದ್ದದ್ದೂ."

ಆ ಪೆನ್‌ಡ್ರೈವನ್ನು ಅವರ ಕಣ್ಣೆದುರೇ ಡಬ್ಬಿಗೆ ಹಾಕಿ ಅಳಿಸಿದೆ. ಮನೆಗೆ ಬಂದು ಇನ್ನೊಂದನ್ನೂ ಅಳಿಸಿದೆ. ಕಂಪ್ಯೂಟರಿನ ಮುಂದೆ ಕೂತಾಗ ಮಾತ್ರ ಬೆರಳು ಗುಂಡಿಯ ಮೇಲೆ ನಿಂತುಬಿಟ್ಟಿತು. ಜೀವಮಾನದಲ್ಲಿ ನಾನು ಯಾವುದರ ಕಡೆಯ ನಕಲನ್ನೂ ಹರಿದವನಲ್ಲ. ಕಾಕು ಫೋನು ಮಾಡಿ, "ಅಳಸಿದೇನು?" ಎಂದಳು. "ಅಳಸೇನಿ" ಎಂದೆ. ಕಾಕುವಿಗೆ ನಾನು ಹೇಳಿದ ಮೊದಲ ಸುಳ್ಳು ಅದು. ಭಾಬಿಗೆಂದು ಕೊಂಡ ಡಬ್ಬಿ ಅಟ್ಟಕ್ಕೆ ಹೋಯಿತು. ಕಂಪ್ಯೂಟರಿನ ಮೇಲೆ ಬಟ್ಟೆ ಬಿತ್ತು.

ಆರು ವರ್ಷ ಭಾಬಿ ಪ್ರತಿ ಗುರುವಾರ ರೈಲಿನಲ್ಲಿ ಬಂದರು. ಮಳೆಗಾಲದಲ್ಲಿ ಗಾಡಿ ತಡವಾದರೆ ಕಾಕು ಸ್ಟೇಷನ್ನಿಗೆ ಹೋಗಿ ಬೆಂಚಿನ ಮೇಲೆ ಕೂತಿರುತ್ತಿದ್ದಳಂತೆ, ಕೈಯಲ್ಲಿ ನೋಟುಬುಕ್ಕು. ನಾನು ಖಾನಾಪುರಕ್ಕೆ ಹೋದಾಗಲೆಲ್ಲ ಕಾಕುವಿನ ಕಣ್ಣು ತಪ್ಪಿಸುತ್ತಿದ್ದೆ. ಎಲ್ಲ ಚಿಂತೆಗಳಿಗೂ ಒಂದು ಸ್ಥಳವಿರುವ ನನ್ನ ತಲೆಯಲ್ಲಿ ಇದಕ್ಕೂ ಒಂದು ಖಾನೆ ಖಾಯಂ ಆಯಿತು: ಒಂದು ದಿನ ಸಿಕ್ಕಿಬೀಳುತ್ತೇನೆ.

ಮೊನ್ನೆ ಗುರುವಾರ ಬೆಳಿಗ್ಗೆ ಏಳು ಗಂಟೆಗೆ ಕಾಕುವಿನ ಫೋನು. "ಡಬ್ಬಿ ಹೋತು ತಮ್ಮಾ. ನಿನ್ನಿಯಿಂದ ಕೆಂಪು ದೀಪ ಅಷ್ಟ. ಹತ್ತವಲ್ದು." ರಿಪೇರಿಯವನಿಗೆ ಆಗಲೇ ತೋರಿಸಿದ್ದಳು, ಒಳಗಿನದೇನೂ ಸಿಗುವುದಿಲ್ಲ ಎಂದಿದ್ದ. "ಭಾಬಿ ಬರಾಕತ್ತಾಳ, ಆಕಿಗೆ ಹೆಂಗ ಹೇಳ್ಲಿ ತಿಳೀವಲ್ದು. ಸುಮ್ಮ ನಿನಗ ಹೇಳಾಕ ಮಾಡಿದೆ" ಎಂದು ಇಟ್ಟುಬಿಟ್ಟಳು.

ನಾನು ಇನ್ನೂ ಫೋನು ಹಿಡಿದು ನಿಂತಿದ್ದಾಗಲೇ ಭಾಬಿಯ ಫೋನು. ಹಿಂದಿನಿಂದ ರೈಲಿನ ಸದ್ದು. "ಬೇಟಾ, ಕಾಕಾ ಫೋನಿನ್ಯಾಗ ಎಲ್ಲಾ ಹೇಳಿದ್ರು. ನೀ ಅಳಸಿಲ್ಲಲ್ಲಾ?"

"ಭಾಬಿ, ಅದು..."

"ನೀ ಅಳಸೂ ಪೈಕಿ ಅಲ್ಲ, ನನಗ ಆವತ್ತs ಗೊತ್ತಿತ್ತು. ತಗೊಂಡು ಬಾ. ನಾ ಕೇಳಿದೆ ಅಂತ ಕಮಲಾಗ ಹೇಳಬ್ಯಾಡ ಮತ್ತ."

ಹತ್ತು ನಿಮಿಷಕ್ಕೆ ಮತ್ತೆ ಕಾಕು. ಈ ಸಲ ದನಿ ತಗ್ಗಿತ್ತು. "ನಿನ್ನ ಹತ್ರ ಐತಿ, ಹೌದಿಲ್ಲೋ? ಖರೇ ಹೇಳು. ...ಹಾಂ. ತಗೊಂಡು ಬಾ. ನಾ ಕೇಳಿದೆ ಅಂತ ಭಾಬಿಗೆ ಹೇಳಬ್ಯಾಡ."

ಕಂಪ್ಯೂಟರಿನ ಬಟ್ಟೆ ತೆಗೆದದ್ದು ಅದಕ್ಕೆ. ಆರು ವರ್ಷ ನಾನು ಕಳ್ಳನಂತೆ ಬಚ್ಚಿಟ್ಟುಕೊಂಡಿದ್ದೆ ಎಂದು ತಿಳಿದಿದ್ದೆ. ಅವರಿಬ್ಬರೂ ಬೇರೆ ಬೇರೆಯಾಗಿ ಅದರ ಮೇಲೆ ತಲೆ ಇಟ್ಟು ನಿಶ್ಚಿಂತೆಯಿಂದ ಮಲಗಿದ್ದರು.

ಅಟ್ಟದ ಡಬ್ಬಿ ಇಳಿಸಿ, ಊರು ತೆಗೆದುಕೊಂಡು, ಮಧ್ಯಾಹ್ನಕ್ಕೆ ಹೋದೆ. ನನ್ನನ್ನು ನೋಡಿ ಕಾಕು, ಭಾಬಿಗೆ ಕೇಳುವಂತೆ, "ಅಯ್ಯ! ಕಾಪಿ ಇತ್ತೇನು? ಅಳಸೇನಿ ಅಂತ ಸುಳ್ಳು ಹೇಳಿದಿ? ಇದs ಏನು ನಿನ್ನ ನಿಯತ್ತು?" ಎಂದು ಗದರಿದಳು. ಭಾಬಿ ಕೆನ್ನೆಗೆ ಕೈ ಇಟ್ಟುಕೊಂಡು, "ಎಂಥಾ ಹುಡುಗ! ದೊಡ್ಡವರ ಮಾತಿಗೆ ಕಿಮ್ಮತ್ತ ಇಲ್ಲ" ಎಂದರು. ನಲವತ್ತೆಂಟು ವರ್ಷದ ಹುಡುಗ ತಲೆ ತಗ್ಗಿಸಿ ತಂತಿ ಜೋಡಿಸಿದೆ.

ಊರು ಎದ್ದಿತು. ಆರು ವರ್ಷದ ಹಿಂದಿನ, ದಸರಾ ದಿನದ ಸುಖಾಪುರ. ಆಮೇಲೆ ಕಟ್ಟಿದ ಸ್ಟೇಷನ್ನು, ಕೆರೆ, ಎರಡು ಹೊಸ ಓಣಿ ಯಾವುದೂ ಇಲ್ಲ. ಅಲ್ಲೆಲ್ಲ ಬರೀ ಹುಲ್ಲು. ಇಬ್ಬರೂ ಬಹಳ ಹೊತ್ತು ನೋಡಿದರು. ಭಾಬಿ ಕಣ್ಣು ಒರೆಸಿಕೊಂಡರು. ಆಮೇಲೆ ಮೂಗು ಏರಿಸಿ, "ಒಂದು ಲೆಕ್ಕಕ್ಕ ಛಲೋನs ಆತು ಕಮಲಾ, ಆ ಕೆರಿ ನೀ ತಪ್ಪು ಜಾಗಾದಾಗ ತೋಡಿಸಿದ್ದಿ" ಎಂದರು. "ಅರ್ಜಿ ಬರೀ ಮೊದಲ" ಎಂದಳು ಕಾಕು.

ನಾನು ಚಪ್ಪಲಿ ಮೆಟ್ಟಿಕೊಂಡು ಹೊರಟಾಗ ಕಾಕು ಗೇಟಿನವರೆಗೆ ಬಂದಳು. ಹೇಳುವುದು ಗೊತ್ತೇ ಇತ್ತು, ನಾನೇ ಮೊದಲು ಬಾಯಿ ಬಿಟ್ಟೆ: "ಆತು ಕಾಕು. ಮನ್ಯಾಗಿಂದು ಈ ಸಲ ಖರೇನ ಅಳಸ್ತೀನಿ."

ಕಾಕು ಹಿಂದೆ ತಿರುಗಿ ಪಡಸಾಲೆಯ ಕಡೆ ಒಮ್ಮೆ ನೋಡಿದಳು. ನನ್ನ ಕಿವಿಯ ಹತ್ತಿರ ಬಂದು, "ಹುಚ್ಚಪ್ಪಾ, ಅಳಸಬ್ಯಾಡ. ಅಳಸೇನಿ ಅಂತ ಹೇಳು, ಅಷ್ಟ ಸಾಕು" ಎಂದಳು.

ಒಳಗಿನಿಂದ ಭಾಬಿಯ ಕೂಗು: "ಏನಂತಾನ ಕಮಲಾ ಅಂವ?"

"ಅಳಸ್ತಾನಂತ!" ಎಂದಳು ಕಾಕು, ಓಣಿಗೆಲ್ಲ ಕೇಳುವ ಹಾಗೆ.

"ಅಳಸ್ತೀನ್ರಿ ಭಾಬಿ!" ಎಂದು ನಾನೂ ಕೂಗಿದೆ. ಆರು ವರ್ಷ ಗಂಟಲಲ್ಲಿ ಸಿಕ್ಕಿಕೊಂಡಿದ್ದ ಸುಳ್ಳು ಈ ಸಲ ಎಷ್ಟು ಸರಾಗವಾಗಿ ಬಂತೆಂದರೆ, ಬಸ್ ಸ್ಟ್ಯಾಂಡು ಮುಟ್ಟುವವರೆಗೆ ನಾನು ಒಮ್ಮೆಯೂ ತಿರುಗಿ ಹೋಗಲಿಲ್ಲ.